ಹಾಳುಬಿದ್ದ ಗದ್ದೆಯಲ್ಲಿ ಮನೆ: ತೀರ್ಥಹಳ್ಳಿಯವರ ಪ್ರಶ್ನೆಗೆ

ನೀವು ಕೇಳಿದ್ದು ಇಷ್ಟು. 1 ಎಕರೆ 10 ಗುಂಟೆ ಗದ್ದೆ, 8 ವರ್ಷದಿಂದ ನಾಟಿ ಇಲ್ಲ. ಮೇಲಿನ ಮೂಲೆಯ 8 ಗುಂಟೆಯಲ್ಲಿ ಮನೆ ಕಟ್ಟಬೇಕು. ಕೆಳಗಿನ ಗದ್ದೆಯವರು 'ಪಹಣಿಯಲ್ಲೇ ತರಿ ಅಂತ ಇದೆ, ತರಿ ಅಂದ್ರೆ ವೆಟ್ ಲ್ಯಾಂಡ್, ಮಣ್ಣು ಹಾಕಿದ್ರೆ ಕೋರ್ಟಿಗೆ ಹೋಗ್ತೀನಿ' ಅಂದಿದ್ದಾರೆ. ಜೊತೆಗೆ ಕೇರಳ ಹೈಕೋರ್ಟಿನ ಆದೇಶವೊಂದನ್ನು ವಾಟ್ಸಾಪಿನಲ್ಲಿ ಕಳಿಸಿದ್ದಾರೆ.

ಗೊಂದಲ ಶುರುವಾಗಿದ್ದು ಆ ಒಂದು ಪದದಿಂದ. ಕಂದಾಯದವರ ತರಿ ಅಂದರೆ ನೀರು ಕಟ್ಟಿ ಬೆಳೆಯುವ ಜಮೀನು, ಅಷ್ಟೇ. ಖುಷ್ಕಿ (ಮಳೆಯಾಶ್ರಿತ), ತರಿ, ಬಾಗಾಯ್ತು (ತೋಟ) ಅಂತ ಕಂದಾಯ ಹಾಕೋಕೆ ಮಾಡಿದ ವಿಂಗಡಣೆ ಅದು. ಪರಿಸರದ ಕಾನೂನು ಹೇಳುವ ಜೌಗು ಪ್ರದೇಶ ಬೇರೆಯೇ. ಕೇಂದ್ರ ಸರ್ಕಾರದ 2017ರ ಜೌಗು ಪ್ರದೇಶ ನಿಯಮದಲ್ಲಿ ಭತ್ತದ ಗದ್ದೆಯನ್ನು ಆ ವ್ಯಾಖ್ಯೆಯಿಂದ ನೇರವಾಗಿ ಹೊರಗಿಟ್ಟಿದ್ದಾರೆ. ಆದ್ದರಿಂದ ತರಿ ಅಂತ ಬರೆದ ಮಾತ್ರಕ್ಕೆ ನಿಮ್ಮ ಗದ್ದೆ ಸಂರಕ್ಷಿತ ಜೌಗು ಆಗೋದಿಲ್ಲ.

ಕೇರಳದ ಕಥೆ ಬೇರೆ. ಅಲ್ಲಿ ಗದ್ದೆ ಮತ್ತು ಜೌಗು ಉಳಿಸೋಕೆ ಅಂತಲೇ 2008ರ ಕಾಯ್ದೆ ಇದೆ. ಆ ವರ್ಷ ಆಗಸ್ಟ್ 12ಕ್ಕೆ ಜಾರಿಗೆ ಬಂತು. ಪಂಚಾಯಿತಿವಾರು ಗದ್ದೆಗಳ ಪಟ್ಟಿ ಮಾಡಿ ಅದಕ್ಕೆ ಡೇಟಾ ಬ್ಯಾಂಕ್ ಅನ್ನುತ್ತಾರೆ. ತಪ್ಪಾಗಿ ಸೇರಿಸಿದ್ದಾರೆ ಅನ್ನುವವರು 5ನೇ ನಮೂನೆಯಲ್ಲಿ ಕಂದಾಯ ವಿಭಾಗದ ಅಧಿಕಾರಿಗೆ ಅರ್ಜಿ ಹಾಕಬೇಕು. ಅರ್ಜಿ ತಿರಸ್ಕಾರವಾದವರು ಸಾಲುಸಾಲಾಗಿ ಹೈಕೋರ್ಟಿಗೆ ಹೋಗುತ್ತಾರೆ. ಕೋರ್ಟ್ ಮತ್ತೆ ಮತ್ತೆ ಹೇಳಿದ್ದು ಒಂದೇ: ಆ 2008ರ ದಿನ ಜಾಗ ಹೇಗಿತ್ತು, ಭತ್ತ ಬೆಳೆಯೋಕೆ ಆಗುವಂತಿತ್ತಾ ಅಂತ ನೋಡಿ. ಅಧಿಕಾರಿ ಸ್ವತಃ ಸ್ಥಳಕ್ಕೆ ಹೋಗಬೇಕು, ಇಲ್ಲವೇ ಉಪಗ್ರಹ ಚಿತ್ರ ತರಿಸಬೇಕು. ಕರ್ನಾಟಕದಲ್ಲಿ ಅಂಥ ಕಾಯ್ದೆ ಇಲ್ಲ. ಆ ಆದೇಶ ಹಿಡಿದು ಯಾರೂ ನಿಮ್ಮನ್ನು ತಡೆಯೋಕಾಗಲ್ಲ. ಆದರೆ ಜಾಗ ಮೊದಲು ಹೇಗಿತ್ತು ಅನ್ನೋದಕ್ಕೆ ಸಾಕ್ಷಿ ಇಟ್ಟುಕೊಳ್ಳಬೇಕು ಅನ್ನುವ ಪಾಠ ನಮಗೂ ಬೇಕು.

ನಿಮಗೆ ಅನ್ವಯಿಸುವುದು 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 95ನೇ ಕಲಂ. ಗದ್ದೆಗೆ ಅಡಿಕೆ ಇಟ್ಟರೆ ಪರಿವರ್ತನೆ, ಅಂದರೆ ಕೃಷಿಯೇತರ ಬಳಕೆಗೆ ಅನುಮತಿ, ಬೇಡ, ಅದೂ ಕೃಷಿಯೇ. ಕೃಷಿಕ ತನ್ನ ಜಮೀನಿನಲ್ಲಿ ತೋಟದ ಮನೆ ಕಟ್ಟಿಕೊಳ್ಳಲೂ ಅವಕಾಶವಿದೆ, ಆದರೆ ಅದು ಹಿಡುವಳಿಯ ಶೇ. 10 ಮೀರಬಾರದು. ನಿಮ್ಮ 50 ಗುಂಟೆಗೆ ಅದು 5 ಗುಂಟೆ. 8 ಗುಂಟೆ ಬೇಕೇ ಬೇಕು ಅಂದರೆ ಜಿಲ್ಲಾಧಿಕಾರಿಯಿಂದ ಆ ಪರಿವರ್ತನೆ (ಜನ ಅಲಿನೇಷನ್ ಅನ್ನೋದು) ಮಾಡಿಸಿ. ನನ್ನ ಕೇಳಿದರೆ 5 ಗುಂಟೆಗೆ ಇಳಿಸಿ, ಮಲೆನಾಡಿನ ಮನೆಗೆ ಅಷ್ಟು ಧಾರಾಳ ಸಾಕು.

ಅರ್ಜಿಗೆ ಮೊದಲು ಟಿಪ್ಪಣಿ (ಸರ್ವೆಯ ಅಳತೆ ನಕ್ಷೆ), ಆಕಾರ್ ಬಂದ್ (ವಿಸ್ತೀರ್ಣ, ಕಂದಾಯದ ಸರ್ವೆ ದಾಖಲೆ) ನಕಲು ತೆಗೆಸಿ, ಖರಾಬು, ಅಂದರೆ ಸಾಗುವಳಿಗೆ ಬಾರದ್ದು ಅಂತ ಬಿಟ್ಟ ಜಾಗ, ನೋಡಿ. 'ಅ' ಖರಾಬು ಇದ್ದರೆ ಚಿಂತೆ ಇಲ್ಲ. 'ಬ' ಖರಾಬು ಅಂದರೆ ಹಳ್ಳ, ದಾರಿಯಂಥ ಸಾರ್ವಜನಿಕ ಜಾಗ. ಅದರ ಮೇಲೆ ಒಂದು ಬುಟ್ಟಿ ಮಣ್ಣು ಹಾಕಿದರೂ ನೀವು ಸೋಲುತ್ತೀರಿ. ಮೊಬೈಲಿನ ದಿಶಾಂಕ್ ಆ್ಯಪ್‌ನಲ್ಲಿ ಸರ್ವೆ ನಂಬರ್ ಸಿಗುತ್ತೆ, ಗಡಿಗೆ ಅದನ್ನು ನಂಬಬೇಡಿ. ಹದ್ದುಬಸ್ತು, ಅಂದರೆ ಸರ್ವೆಯವರಿಂದ ಗಡಿ ಗುರುತು, ಮಾಡಿಸಿ. ಹತ್ತಿರ ಕಾನು (ಕಾಡು) ಅಥವಾ ಕೆರೆ ಇದ್ದರೆ ನಿಮ್ಮ ನಂಬರ್ ಅದರೊಳಗೆ ಬಂದಿಲ್ಲ ಅಂತ ಅರಣ್ಯ, ಸರ್ವೆ ಎರಡೂ ಕಡೆ ಖಚಿತ ಮಾಡಿಕೊಳ್ಳಿ.

ನಮಗೆ ಆದದ್ದು ಹೇಳ್ತೀನಿ. ನಮ್ಮದು ಹೊಸನಗರ ಕಡೆ, ಪಕ್ಕದವರ ದೂರಿನ ಮೇಲೆ ಅಧಿಕಾರಿಗಳು ಸ್ಥಳ ತನಿಖೆಗೆ ಬಂದರು. ಬಂದದ್ದು ಆಷಾಢದಲ್ಲಿ, ಪುನರ್ವಸು ಮಳೆ ಹೊಡೀತಾ ಇತ್ತು. ಅಂಚಿನ ಮೇಲೆ ಕೊಡೆ ಹಿಡಿದು ನಿಂತೇ ಮಹಜರು ಬರೆದರು, 'ನೀರು ನಿಂತ ಜೌಗು ಪ್ರದೇಶ' ಅಂತ. ಅಪ್ಪಯ್ಯ ಓದದೆ ಸಹಿ ಹಾಕಿದರು. ಆ ಒಂದು ಸಾಲು ಅಳಿಸೋಕೆ ವರ್ಷ ಹಿಡಿಯಿತು. ಆ ತಿಂಗಳಲ್ಲಿ ಮಲೆನಾಡಿನ ಯಾವ ಗದ್ದೆಯಲ್ಲಿ ನೀರಿಲ್ಲ ಹೇಳಿ?

ಮರುತನಿಖೆ ಮಾರ್ಚಿನಲ್ಲಿ ಮಾಡಿಸಿದೆವು. ಗದ್ದೆ ಮಣ್ಣು ಬಿರುಕು ಬಿಟ್ಟಿತ್ತು, ಬಿರುಕಲ್ಲಿ ಹೆಬ್ಬೆರಳು ಹೋಗ್ತಿತ್ತು. ಹಳೇ ಕೂಳೆ ಕಿತ್ತು ಅಧಿಕಾರಿ ಕೈಗೆ ಕೊಟ್ಟೆ. ನಿಜವಾದ ಜಡ್ಡಿ (ಜೌಗು) ಆಗಿದ್ದರೆ ಶಿವರಾತ್ರಿ ಕಳೆದರೂ ಹಿಮ್ಮಡಿ ಹೂಳುತ್ತೆ, ಮುಂಡಿಗೆ ಗಿಡ ಬೆಳೆದಿರುತ್ತೆ. ಜೊತೆಗೆ ಭತ್ತ ಅಂತ ಬೆಳೆ ಬರೆದಿದ್ದ ಕೈಬರಹದ ಪಹಣಿ ಮತ್ತು ಸೊಸೈಟಿಯ ಬೆಳೆಸಾಲದ ಪಾಸ್‌ಬುಕ್ ಕೊಟ್ಟೆವು. ಪಹಣಿಯ ನಮೂದನ್ನು, ತಪ್ಪು ಅಂತ ಸಾಬೀತಾಗುವವರೆಗೆ, ಕಾನೂನು ಸರಿ ಅಂತಲೇ ಹಿಡಿಯುತ್ತೆ. ಇದು ಅದೇ ಭೂಕಂದಾಯ ಕಾಯ್ದೆಯ 133ನೇ ಕಲಂ. ನೀವೂ ಈ ಕಾಗದ ಈಗಲೇ ಹುಡುಕಿಡಿ. ಬೇಸಿಗೆಯಲ್ಲಿ ತಾರೀಖು ಬರುವ ಹಾಗೆ ಫೋಟೊ ತೆಗೆದಿಡಿ. ಮಹಜರನ್ನು ಪೂರ್ತಿ ಓದಿ, ತಪ್ಪಿದ್ದರೆ ಆಕ್ಷೇಪ ಬರೆದೇ ಸಹಿ ಹಾಕಿ.

ಇನ್ನು ಕೆಳಗಿನವರ ಮಾತು. ಕಾನೂನಿನ ಹೆಸರು ತಪ್ಪು ಹೇಳಿದ್ದಾರೆ, ನಿಜ. ಆದರೆ ಅವರ ಭಯ ಸುಮ್ನೆ ಹುಟ್ಟಿದ್ದಲ್ಲ. ನೀವು ಮೇಲೆ ಮಣ್ಣು ಏರಿಸಿದರೆ ಅವರ ಗದ್ದೆಗೆ ಹೋಗುವ ನೀರು ಏನಾಗುತ್ತೆ? 20 ವರ್ಷ ಅಡ್ಡಿಯಿಲ್ಲದೆ, ತಮ್ಮ ಹಕ್ಕು ಅಂತಲೇ ನಿಮ್ಮ ಗದ್ದೆ ಮೂಲಕ ನೀರು ತಗೊಂಡಿದ್ದರೆ, 1882ರ ಈಸ್‌ಮೆಂಟ್ (ಇನ್ನೊಬ್ಬರ ಜಮೀನಿನ ಮೂಲಕ ದಾರಿ, ನೀರಿನಂಥ ಅನುಭೋಗದ ಹಕ್ಕು) ಕಾಯ್ದೆಯಲ್ಲಿ ಅವರಿಗೆ ಹಕ್ಕಿದೆ. ಸಿವಿಲ್ ಕೋರ್ಟಿನಲ್ಲಿ ಅವರು ಗೆಲ್ಲುವುದು ಅಲ್ಲಿ. ಅವರನ್ನು ಕರೆದುಕೊಂಡು ಒಂದು ಸಲ ಅಂಚಿನ ಮೇಲೆ ನಡೆಯಿರಿ. ಕಾಲುವೆಗೆ ಎಷ್ಟು ಅಗಲ ಬಿಡ್ತೀರಿ ಅಂತ ಗೂಟ ಹೊಡೆದು ತೋರಿಸಿ, ಅದನ್ನೇ ನಕ್ಷೆಯಲ್ಲಿ ಬರೆದು ಇಬ್ಬರೂ ಸಹಿ ಹಾಕಿ. ನಮ್ಮ ಪಕ್ಕದವರು ದೂರು ವಾಪಸ್ ತಗೊಂಡಿದ್ದು ಆ ಗೂಟ ನೋಡಿದ ಮೇಲೆಯೇ.

ಉಳಿದ ಗದ್ದೆಗೆ ಈ ಸಲ ಒಂದು ನಾಟಿ ಮಾಡಿಸಿ ನೋಡಿ. ಬೆಳೆ ಸಮೀಕ್ಷೆಯಲ್ಲಿ ಭತ್ತ ಅಂತ ದಾಖಲಾಗುತ್ತೆ. ಟಿಪ್ಪಣಿ ನಕಲು ಕೈಗೆ ಬಂದ ಮೇಲೆ ಹೆಸರು, ಸರ್ವೆ ನಂಬರ್ ಮುಚ್ಚಿ ಇಲ್ಲಿ ಹಾಕಿ, ಖರಾಬು ಎಲ್ಲಿದೆ ಅಂತ ನೋಡಿ ಹೇಳ್ತೀನಿ.