ಅಲಾಸ್ಕಾದ ಡೆಡ್‌ಹಾರ್ಸ್‌ನಲ್ಲಿ ಜೆಟ್ ವಿಮಾನ ಇಳಿಯುವ ನಿಲ್ದಾಣ ಏಕಿದೆ?

ಅಮೆರಿಕದ ಅಲಾಸ್ಕಾ ರಾಜ್ಯದ ಉತ್ತರ ತುದಿಯಲ್ಲಿರುವ, ಕಾಯಂ ನಿವಾಸಿಗಳು ಬೆರಳೆಣಿಕೆಯಷ್ಟಿರುವ ಡೆಡ್‌ಹಾರ್ಸ್‌ಗೆ ವಿಮಾನ ನಿಲ್ದಾಣ ಏಕೆ ಬೇಕಾಯಿತು, ಹೊರಗಿನವರು ಅಲ್ಲಿಗೆ ಹೋಗಬಹುದೇ ಎಂದು ತಾವು ಕೇಳಿದ್ದೀರಿ. ನಾನು ಸಿವಿಲ್ ಎಂಜಿನಿಯರ್. ಒಮ್ಮೆ ಬೇಸಿಗೆಯಲ್ಲಿ ಆಂಕರೇಜ್‌ನಿಂದ ವಿಮಾನದಲ್ಲಿ ಅಲ್ಲಿಗೆ ಹೋಗಿದ್ದೆ.

ಆ ನಿಲ್ದಾಣ ಇರುವುದು ಪ್ರೂಡೋ ಬೇ ತೈಲಕ್ಷೇತ್ರದ ಕೆಲಸಗಾರರಿಗಾಗಿ. 1968ರಲ್ಲಿ ಅಲ್ಲಿ ತೈಲ ಸಿಕ್ಕಾಗ ನೆಲಮಾರ್ಗದಲ್ಲಿ ತಲುಪಲು ಕಾಯಂ ರಸ್ತೆಯೇ ಇರಲಿಲ್ಲ. ಈಗಿನ ಡಾಲ್ಟನ್ ಹೆದ್ದಾರಿ ನಿರ್ಮಾಣವಾದದ್ದು 1974ರಲ್ಲಿ. ಅದಕ್ಕೆ ಮುಂಚೆ ಭಾರೀ ಯಂತ್ರೋಪಕರಣಗಳನ್ನೂ ಹರ್ಕ್ಯುಲಿಸ್ ಎಂಬ ದೊಡ್ಡ ಸರಕು ವಿಮಾನಗಳಲ್ಲಿ ಹೊತ್ತು ತರುತ್ತಿದ್ದರು. ಇಂದು ಸರಕು ಲಾರಿಗಳಲ್ಲಿ ಬರುತ್ತದೆಯಾದರೂ, ಎರಡು ಮೂರು ವಾರ ದಿನಕ್ಕೆ ಹನ್ನೆರಡು ಗಂಟೆ ದುಡಿದು ಅಷ್ಟೇ ಕಾಲ ಮನೆಯಲ್ಲಿರುವ ಕಾರ್ಮಿಕರು ಓಡಾಡುವುದು ವಿಮಾನದಲ್ಲೇ. ನನ್ನ ವಿಮಾನದಲ್ಲಿ ಪ್ರವಾಸಿಗಳು ಬಹಳ ಕಡಿಮೆ. ಉಳಿದವರೆಲ್ಲ ದಪ್ಪ ಬೂಟು ತೊಟ್ಟು ಪಾಳಿಗೆ ಹೊರಟವರು.

ಆದರೆ ಆ ಜಾಗದ ನಿಜವಾದ ಸೋಜಿಗ ಇರುವುದು ನೆಲದಲ್ಲಿ ಎಂಬುದು ನನ್ನ ಅಭಿಪ್ರಾಯ. ಅಲ್ಲಿನ ಮಣ್ಣು ಸುಮಾರು 600 ಮೀಟರ್ ಆಳದವರೆಗೆ ವರ್ಷವಿಡೀ ಹೆಪ್ಪುಗಟ್ಟಿರುತ್ತದೆ; ಬೇಸಿಗೆಯಲ್ಲಿ ಮೇಲಿನ ತೆಳು ಪದರ ಮಾತ್ರ ಕರಗಿ ಕೆಸರಾಗುತ್ತದೆ. ನಮ್ಮಲ್ಲಿ ಅಡಿಪಾಯಕ್ಕೆ ಗಟ್ಟಿ ನೆಲ ಸಿಗುವವರೆಗೆ ಅಗೆಯುತ್ತೇವೆ. ಅಲ್ಲಿ ಹಾಗೆ ಅಗೆದು ಮೇಲಿನ ಹುಲ್ಲುಪಾಚಿಯ ಹೊದಿಕೆಯನ್ನು ಕಿತ್ತರೆ ಒಳಗಿನ ಹಿಮ ಕರಗಿ ನೆಲವೇ ಕುಸಿಯುತ್ತದೆ. ಆದ್ದರಿಂದ ಅಗೆಯದೆ, ಇದ್ದ ನೆಲದ ಮೇಲೆಯೇ ಸಾಮಾನ್ಯವಾಗಿ ಒಂದೂವರೆ ಮೀಟರಿನಷ್ಟು ದಪ್ಪಕ್ಕೆ ಜಲ್ಲಿ ಹರವಿ, ಬೇಸಿಗೆಯ ಶಾಖ ಕೆಳಗಿಳಿಯದಂತೆ ತಡೆಯುತ್ತಾರೆ. ರಸ್ತೆ, ಕಾರ್ಮಿಕರ ಶಿಬಿರ, ಕೊರೆಯುವ ಸ್ಥಳ ಎಲ್ಲವೂ ಇಂತಹ ಜಲ್ಲಿ ದಿಬ್ಬಗಳ ಮೇಲಿವೆ. ವಸತಿಗೃಹಗಳೂ ಬೇರೆಡೆ ತಯಾರಿಸಿ ತಂದು ಜೋಡಿಸಿದ ಪೆಟ್ಟಿಗೆಗಳೇ. ಒಳಗೆ ಕಾಲಿಡುವ ಮುನ್ನ ಬೂಟಿನ ಮೇಲೆ ನೀಲಿ ಪ್ಲಾಸ್ಟಿಕ್ ಚೀಲ ಹಾಕಿಕೊಳ್ಳಬೇಕು, ಇಲ್ಲದಿದ್ದರೆ ಆ ಜಲ್ಲಿಯ ಕೆಸರೆಲ್ಲ ಕೋಣೆಯೊಳಗೆ ಬರುತ್ತದೆ. ನಿಂತಿದ್ದ ವಾಹನಗಳ ಮುಂಭಾಗದಲ್ಲಿ ವಿದ್ಯುತ್ ಪ್ಲಗ್ ನೇತಾಡುತ್ತಿತ್ತು. ಚಳಿಗಾಲದಲ್ಲಿ ಎಂಜಿನ್ ಹೆಪ್ಪುಗಟ್ಟದಂತೆ ಬೆಚ್ಚಗಿಡಲು ಅದು ಬೇಕು.

1977ರಿಂದ ತೈಲವನ್ನು ವಾಲ್ಡೀಜ್ ಬಂದರಿಗೆ ಒಯ್ಯುತ್ತಿರುವ ಸುಮಾರು 1,287 ಕಿಲೋಮೀಟರ್ ಉದ್ದದ ಕೊಳವೆಯ ಅರ್ಧಕ್ಕಿಂತ ಹೆಚ್ಚು ಭಾಗವನ್ನು ಕಂಬಗಳ ಮೇಲೆ ಎತ್ತಿ ನಿಲ್ಲಿಸಿರುವುದಕ್ಕೂ ಇದೇ ಕಾರಣ, ಏಕೆಂದರೆ ಬಿಸಿ ತೈಲ ಹರಿಯುವ ಕೊಳವೆಯನ್ನು ಹೂತರೆ ಸುತ್ತಲಿನ ಹಿಮ ಕರಗಿಬಿಡುತ್ತದೆ.

ಹೋಗಲು ಅಡ್ಡಿಯೇನಿಲ್ಲ, ಟಿಕೆಟ್ ಯಾರು ಬೇಕಾದರೂ ಕೊಳ್ಳಬಹುದು. ಆದರೆ ತೈಲಕ್ಷೇತ್ರದೊಳಗೆ ಸಾರ್ವಜನಿಕರಿಗೆ ಮುಕ್ತ ಪ್ರವೇಶವಿಲ್ಲ. ಆರ್ಕ್‌ಟಿಕ್ ಸಾಗರದ ದಡ ಆ ಕಾವಲಿನಾಚೆ ಇರುವುದರಿಂದ, ಗುರುತಿನ ವಿವರಗಳನ್ನು ಮುಂಚಿತವಾಗಿ ಕೊಟ್ಟು ಅನುಮತಿ ಪಡೆದ ವಾಹನದಲ್ಲಿ ಮಾತ್ರ ಅಲ್ಲಿಗೆ ಹೋಗಬಹುದು. ಜೂನ್ ಅಥವಾ ಜುಲೈ ತಿಂಗಳನ್ನು ಆರಿಸಿಕೊಳ್ಳಿ. ಆಗ ಬಹುತೇಕ ದಿನ ಸೂರ್ಯ ಮುಳುಗುವುದಿಲ್ಲವಾದ್ದರಿಂದ, ನಿದ್ರೆಗೆ ಕಣ್ಣುಪಟ್ಟಿಯನ್ನೂ ಸೊಳ್ಳೆಗಳಿಗೆ ಮುಲಾಮನ್ನೂ ತಪ್ಪದೆ ಒಯ್ಯಿರಿ.