ಪ್ರತಿಕ್ರಿಯೆ: ಪೋಲ್‌ಸ್ಟೆಡ್‌ನ ರೆಡ್ ಬಾರ್ನ್ ನಕ್ಷೆಯಲ್ಲಿ ಸಿಗುತ್ತಿಲ್ಲ

ಇಂಗ್ಲೆಂಡಿನ ಪೋಲ್‌ಸ್ಟೆಡ್ ಹಳ್ಳಿಗೆ ಹೋಗಿ ಹಳೆಯ ಕೊಲೆಯೊಂದು ನಡೆದ ರೆಡ್ ಬಾರ್ನ್ ಎಂಬ ಕಣಜ ನೋಡಬೇಕು, ಆದರೆ ಅದು ನಕ್ಷೆಯಲ್ಲಿ ಸಿಗುತ್ತಿಲ್ಲ ಎಂದಿದ್ದೀರಿ. ಅದಕ್ಕೆ ಕಾರಣ ಸರಳ: ಆ ಕಣಜ ಈಗ ಇಲ್ಲ. 1827ರಲ್ಲಿ ವಿಲಿಯಂ ಕಾರ್ಡರ್ ಎಂಬವನು ತನ್ನ ಪ್ರೇಯಸಿ, ಅದೇ ಹಳ್ಳಿಯ ಮರಿಯಾ ಮಾರ್ಟನ್‌ಳನ್ನು ಅಲ್ಲಿ ಕೊಂದು ಹೂತ ಸುದ್ದಿ ಹಬ್ಬಿದ ಮೇಲೆ ಜನ ಅದರ ಹಲಗೆಗಳನ್ನೇ ನೆನಪಿಗೆಂದು ಕಿತ್ತೊಯ್ದರು. ಉಳಿದದ್ದು ಮುಂದೆ ಬೆಂಕಿಗೆ ಆಹುತಿಯಾಯಿತು.

ಹಾಗಾಗಿ ಮೊದಲು ಬೆರಿ ಸೇಂಟ್ ಎಡ್ಮಂಡ್ಸ್ ಪಟ್ಟಣದ ಮಾಯ್ಸಸ್ ಹಾಲ್ ವಸ್ತುಸಂಗ್ರಹಾಲಯಕ್ಕೆ ಹೋಗಿ. ಕಾರ್ಡರ್‌ನನ್ನು 1828ರ ಆಗಸ್ಟ್ 11ರಂದು ಗಲ್ಲಿಗೇರಿಸಿದ್ದು ಅದೇ ಊರಿನಲ್ಲಿ. ಅವನ ಮುಖದ ಅಚ್ಚು ಅಲ್ಲಿದೆ. ಪಕ್ಕದಲ್ಲಿ ಕಂದುಬಣ್ಣದ, ಮಾಮೂಲಿ ಹಳೆಯ ಪುಸ್ತಕದಂತೆ ಕಾಣುವ, ಅವನ ವಿಚಾರಣೆಯ ವರದಿಯೊಂದಿದೆ. ಅದರ ಹೊದಿಕೆ ಅವನದೇ ಚರ್ಮ. ಮಕ್ಕಳು ಜೊತೆಗಿದ್ದರೆ ಆ ವಿವರ ಓದಿ ಹೇಳದಿರುವುದು ಲೇಸು.

ಆಮೇಲೆ ಪೋಲ್‌ಸ್ಟೆಡ್‌ನ ಸೇಂಟ್ ಮೇರಿ ಚರ್ಚಿಗೆ ಬನ್ನಿ. ಮರಿಯಾಳ ಸಮಾಧಿಕಲ್ಲನ್ನು ಹುಡುಕಬೇಡಿ, ಅದನ್ನೂ ಜನ ಚೂರುಚೂರಾಗಿ ಒಡೆದುಕೊಂಡು ಹೋಗಿದ್ದಾರೆ. ಚರ್ಚಿನ ಆವರಣದ ಶೆಡ್ಡಿನ ಮೇಲಿರುವ ಫಲಕವೊಂದೇ ಗುರುತು. ಅವಳ ಮನೆ ಊರಲ್ಲಿ ಇನ್ನೂ ಇದೆ, ಆದರೆ ಖಾಸಗಿ ಸ್ವತ್ತು, ರಸ್ತೆಯಿಂದಲೇ ನೋಡಿ.

ಮಲತಾಯಿಯ ಕನಸಿನಲ್ಲಿ ಮರಿಯಾ ಬಂದು ಹೆಣವಿದ್ದ ಜಾಗ ತೋರಿಸಿದಳೇ ಎಂದೂ ಕೇಳಿದ್ದೀರಿ. ಆ ಕನಸಿನ ಮಾತು ಕೇಳಿಯೇ ತಂದೆ 1828ರ ಏಪ್ರಿಲ್‌ನಲ್ಲಿ ಕಣಜದ ನೆಲ ಅಗೆದದ್ದು, ಹೆಣ ಸಿಕ್ಕಿದ್ದು ನಿಜ. ಕನಸು ಬಿದ್ದಿತ್ತೋ, ಮಲತಾಯಿಗೆ ಮೊದಲೇ ಗುಮಾನಿ ಇತ್ತೋ ಇಂದಿಗೂ ತೀರ್ಮಾನವಾಗಿಲ್ಲ. ನನಗೆ ಎರಡನೆಯದೇ ಹೆಚ್ಚು ಸಂಭವ ಎನಿಸುತ್ತದೆ.

ಹೊರಡುವ ಮುನ್ನ ಸಂಗ್ರಹಾಲಯ ತೆರೆದಿರುವ ದಿನಗಳನ್ನೂ ಹಳ್ಳಿಯ ಬಸ್ಸಿನ ವೇಳೆಯನ್ನೂ ನೋಡಿಕೊಳ್ಳಿ.