ಸುಳ್ಳು ಹೆಸರಿನಲ್ಲಿ ಸಂಸಾರ ಹೂಡುವ ರಷ್ಯಾದ ಗೂಢಚಾರರು: ನಿಜವೇ? ಅದರಿಂದ ಅವರಿಗೆ ಸಿಗುವುದೇನು?

ನೀವು ಕೇಳಿರುವುದು ಎರಡು ಪ್ರಶ್ನೆ. ರಷ್ಯಾದ ಬೇಹುಗಾರರು ಪಾಶ್ಚಾತ್ಯ ದೇಶಗಳಲ್ಲಿ ಹೆಸರು ಬದಲಿಸಿಕೊಂಡು, ಮಕ್ಕಳನ್ನು ಹೆತ್ತು, ವರ್ಷಗಟ್ಟಲೆ ಪಕ್ಕದ ಮನೆಯವರಂತೆ ಬಾಳುತ್ತಾರೆ ಎನ್ನುವುದು ನಿಜವೋ ಸಿನಿಮಾ ಕಥೆಯೋ? ನಿಜವೇ ಆದರೆ ಅಷ್ಟೆಲ್ಲ ಕಷ್ಟಕ್ಕೆ ಸಿಗುವ ಫಲವೇನು? ಮೊದಲನೆಯದಕ್ಕೆ ಉತ್ತರ ಸುಲಭ: ನಿಜ. ಎರಡನೆಯದಕ್ಕೆ ನನ್ನ ಉತ್ತರ: ಬಹುಪಾಲು ಬೆಟ್ಟ ಅಗೆದು ಇಲಿ ಹಿಡಿದ ಕೆಲಸ. ನಾನು ಆ ಲೋಕದವನಲ್ಲ. ಇಂಥ ಪ್ರಕರಣಗಳ ಆರೋಪಪಟ್ಟಿ, ತೀರ್ಪುಗಳನ್ನು ಓದುವ ಹಳೆಯ ಚಟವಿರುವವನು, ಅಷ್ಟೆ.

ಬೇಹುಗಾರರಲ್ಲಿ ಹೆಚ್ಚಿನವರು ರಾಯಭಾರ ಕಚೇರಿಯ ಕಾರ್ಯದರ್ಶಿ, ವಾಣಿಜ್ಯ ಅಧಿಕಾರಿ ಎಂಬ ಹುದ್ದೆಗಳ ಮರೆಯಲ್ಲಿ ಇರುತ್ತಾರೆ. ಸಿಕ್ಕಿಬಿದ್ದರೆ ಅವರಿಗೆ ಜೈಲಿಲ್ಲ. ವಿಮಾನ ಹತ್ತಿಸಿ ಕಳುಹಿಸುತ್ತಾರೆ. ನೀವು ಕೇಳುತ್ತಿರುವವರಿಗೆ ಆ ರಕ್ಷಣೆ ಇಲ್ಲ. ಅವರನ್ನು ‘ಇಲ್ಲೀಗಲ್’ಗಳು ಎನ್ನುತ್ತಾರೆ. ರಷ್ಯಾದ ಹೊರದೇಶಗಳ ಗುಪ್ತಚರ ಸಂಸ್ಥೆ ಎಸ್‌ವಿಆರ್‌ನಲ್ಲಿ ಇವರನ್ನು ತಯಾರು ಮಾಡಲೆಂದೇ ‘ಎಸ್’ ಎಂಬ ವಿಭಾಗವಿದೆ. ಸೇನೆಯ ಗುಪ್ತಚರ ಸಂಸ್ಥೆ ಜಿಆರ್‌ಯು ಕೂಡ ತನ್ನದೇ ಇಲ್ಲೀಗಲ್‌ಗಳನ್ನು ಸಾಕುತ್ತದೆ.

ಎಲ್ಲಕ್ಕಿಂತ ಚೆನ್ನಾಗಿ ಬಯಲಾದದ್ದು 2010ರ ಪ್ರಕರಣ. ಆ ವರ್ಷದ ಜೂನ್ 27ರಂದು ಎಫ್‌ಬಿಐ ಅಮೆರಿಕದಲ್ಲಿ ಹತ್ತು ಮಂದಿಯನ್ನು ಹಿಡಿಯಿತು. ಮ್ಯಾಸಚೂಸೆಟ್ಸ್‌ನ ಕೇಂಬ್ರಿಡ್ಜ್‌ನಲ್ಲಿದ್ದ ಡೊನಾಲ್ಡ್ ಹೀತ್‌ಫೀಲ್ಡ್ ಮತ್ತು ಟ್ರೇಸಿ ಫೋಲಿ ದಂಪತಿ ಅವರಲ್ಲಿ ಸೇರಿದ್ದರು. ಹೀತ್‌ಫೀಲ್ಡ್ ಎನ್ನುವುದು ಕೆನಡಾದಲ್ಲಿ ಹಸುಗೂಸಾಗಿದ್ದಾಗಲೇ ತೀರಿಕೊಂಡ ಮಗುವಿನ ಹೆಸರು. ಆ ಹೆಸರನ್ನು ತೊಟ್ಟಿದ್ದವನು ಆಂದ್ರೇ ಬೆಝ್ರುಕೋವ್. ಹೆಂಡತಿ ಎಲೆನಾ ವಾವಿಲೋವಾ. ಇಬ್ಬರೂ ಸೈಬೀರಿಯಾದ ತೋಮ್ಸ್ಕ್‌ನಲ್ಲಿ ಓದಿದವರು. ಅವನು ಹಾರ್ವರ್ಡ್‌ನ ಕೆನಡಿ ಸ್ಕೂಲ್‌ನಲ್ಲಿ ಪದವಿಯನ್ನೂ ಪಡೆದಿದ್ದ.

ನ್ಯೂಜೆರ್ಸಿಯ ಮಾಂಟ್‌ಕ್ಲೇರ್‌ನಲ್ಲಿ ‘ಮರ್ಫಿ’ ದಂಪತಿ. ಇವರದು ಇನ್ನೂ ಸ್ವಾರಸ್ಯ. ಮಾಸ್ಕೋ ಜೊತೆ ಅವರು ನಡೆಸಿದ ಗುಪ್ತ ಸಂದೇಶಗಳಲ್ಲಿ ಒಂದು ದೊಡ್ಡ ತಕರಾರು ಯಾವುದರ ಬಗ್ಗೆ ಗೊತ್ತೇ? ಮನೆ ಯಾರ ಹೆಸರಿನಲ್ಲಿರಬೇಕು ಎಂಬುದರ ಬಗ್ಗೆ. ಊರಿನವರೆಲ್ಲ ಸ್ವಂತ ಮನೆಯಲ್ಲಿರುವಾಗ ನಾವೂ ಹಾಗೆ ಇದ್ದರೆ ತಾನೇ ಅನುಮಾನ ಬರುವುದಿಲ್ಲ ಎಂದು ಇವರ ವಾದ. ಆಸ್ತಿ ಮಾಡಿಕೊಳ್ಳಲು ನಿಮ್ಮನ್ನು ಕಳುಹಿಸಿಲ್ಲ ಎಂದು ಮಾಸ್ಕೋದ ಧೋರಣೆ. 2009ರ ಇನ್ನೊಂದು ಸಂದೇಶದಲ್ಲಿ ಮಾಸ್ಕೋ, ನಿಮ್ಮ ಓದು, ಬ್ಯಾಂಕ್ ಖಾತೆ, ಕಾರು, ಮನೆ ಎಲ್ಲವೂ ಇರುವುದು ಒಂದೇ ಗುರಿಗಾಗಿ, ಅದು ನೀತಿ ರೂಪಿಸುವವರ ವಲಯದಲ್ಲಿ ಸಂಪರ್ಕ ಬೆಳೆಸಿ ಮಾಹಿತಿ ಕಳುಹಿಸುವುದು ಎಂದು ನೆನಪಿಸುತ್ತದೆ. ಕೆಲಸ ಸರಿಯಾಗಿ ಸಾಗುತ್ತಿದ್ದರೆ ಯಾವ ಮೇಲಧಿಕಾರಿಯೂ ಇಂಥ ಪತ್ರ ಬರೆಯುವುದಿಲ್ಲ.

ತಂತ್ರಗಳಿಗೇನೂ ಕೊರತೆಯಿರಲಿಲ್ಲ. ಚಿತ್ರಗಳೊಳಗೆ ಅಡಗಿಸಿದ ಸಂದೇಶ, ಶಾರ್ಟ್‌ವೇವ್ ರೇಡಿಯೊದಲ್ಲಿ ಬರುವ ಸಂಕೇತ, ನ್ಯೂಯಾರ್ಕ್ ರಾಜ್ಯದ ಹೊಲವೊಂದರಲ್ಲಿ ಹೂತಿಟ್ಟು ಎರಡು ವರ್ಷದ ನಂತರ ತೆಗೆದ ಹಣ, ಎಲ್ಲ ಇದ್ದವು. ಆದರೆ 27 ಅಕ್ಷರಗಳ ಗುಪ್ತಪದವನ್ನು ಮರ್ಫಿ ಮನೆಯಲ್ಲಿ ಒಂದು ಕಾಗದದ ಮೇಲೆ ಬರೆದಿಟ್ಟಿದ್ದರು. ಗುಟ್ಟಾಗಿ ಮನೆ ಶೋಧಿಸಿದ ಎಫ್‌ಬಿಐಗೆ ಅದು ಸಿಕ್ಕಿತು. ಬಂಧನದ ಹಿಂದಿನ ದಿನ, ಆ ಹತ್ತು ಮಂದಿಯಲ್ಲೊಬ್ಬಳಾದ ಆನ್ನಾ ಚಾಪ್‌ಮನ್ ನ್ಯೂಯಾರ್ಕಿನ ಬ್ರೂಕ್ಲಿನ್‌ನ ಅಂಗಡಿಯಲ್ಲಿ ಮೊಬೈಲ್ ಕೊಂಡಾಗ ಸುಳ್ಳು ಹೆಸರು ಕೊಟ್ಟು, ವಿಳಾಸದ ಜಾಗದಲ್ಲಿ ‘99, ಫೇಕ್ ಸ್ಟ್ರೀಟ್’ ಎಂದು ಬರೆದಿದ್ದಳು. ಕಥೆಗಾರ ಬರೆದಿದ್ದರೆ ಸಂಪಾದಕ ಹೊಡೆದುಹಾಕುತ್ತಿದ್ದ.

ಕೊನೆಗೆ ಅವರ ಮೇಲೆ ಹೊರಿಸಿದ್ದು ಬೇಹುಗಾರಿಕೆಯ ಆರೋಪವಲ್ಲ, ನೋಂದಾಯಿಸಿಕೊಳ್ಳದೆ ವಿದೇಶಿ ಸರ್ಕಾರದ ಪರವಾಗಿ ಕೆಲಸ ಮಾಡಿದ ಆರೋಪ. ಹಲವರ ಮೇಲೆ ಅಕ್ರಮ ಹಣ ವರ್ಗಾವಣೆಯ ಸಂಚು. ನಿಜ, ಎಫ್‌ಬಿಐ ಸುಮಾರು ಹತ್ತು ವರ್ಷ ಇವರ ಬೆನ್ನಹಿಂದೆಯೇ ಇತ್ತು, ಸೂಕ್ಷ್ಮವಾದ ಯಾವುದರ ಹತ್ತಿರವೂ ಸುಳಿಯಗೊಡುತ್ತಿರಲಿಲ್ಲ ಎಂದು ವಾದಿಸಬಹುದು. ಹಾಗಾದರೆ ಎಫ್‌ಬಿಐಗೆ ಅಷ್ಟು ಬೇಗ ಸುಳಿವು ಸಿಕ್ಕಿದ್ದು ಹೇಗೆ? ನನಗೆ ಇಡೀ ವಿಷಯದ ಕೀಲಿಕೈ ಇರುವುದೇ ಇಲ್ಲಿ. ಅದೇ ‘ಎಸ್’ ವಿಭಾಗದ ಕರ್ನಲ್ ಅಲೆಕ್ಸಾಂಡರ್ ಪೊತೆಯೆವ್ ಅಮೆರಿಕದವರಿಗೆ ಮಾಹಿತಿ ಕೊಡುತ್ತಿದ್ದ. ಬಂಧನಗಳಿಗೆ ಸ್ವಲ್ಪ ಮೊದಲು ಅವನು ರಷ್ಯಾದಿಂದ ಪಾರಾದ. ಮರುವರ್ಷ ಮಾಸ್ಕೋದ ನ್ಯಾಯಾಲಯ ಅವನ ಗೈರುಹಾಜರಿಯಲ್ಲೇ 25 ವರ್ಷ ಶಿಕ್ಷೆ ವಿಧಿಸಿತು.

ಹಿಂದಿನ ಪ್ರಕರಣಗಳನ್ನು ತೆಗೆದು ನೋಡಿ, ಇದೇ ಕಥೆ. 1953ರಲ್ಲಿ ಬ್ರೂಕ್ಲಿನ್‌ನಲ್ಲಿ ಪತ್ರಿಕೆ ಹಾಕುವ ಹುಡುಗನೊಬ್ಬನ ಕೈಯಿಂದ ಬಿದ್ದ ಐದು ಸೆಂಟಿನ ನಾಣ್ಯ ಎರಡು ಹೋಳಾಗಿ, ಒಳಗೆ ಅಂಕಿಗಳು ತುಂಬಿದ ಪುಟ್ಟ ಫೋಟೊ ಕಂಡಿತು. ನಾಲ್ಕು ವರ್ಷ ಅದನ್ನು ಯಾರಿಗೂ ಓದಲಾಗಲಿಲ್ಲ. 1957ರಲ್ಲಿ ಕುಡುಕ ಸೋವಿಯತ್ ಬೇಹುಗಾರ ರೈನೊ ಹೈಹಾನೆನ್ ಪಕ್ಷ ಬದಲಿಸಿದ ಮೇಲೆ ಸಂಕೇತವೂ ಬಿಡಿಸಿಕೊಂಡಿತು, ಅವನ ಮೇಲಿನವನಾದ ‘ರುಡಾಲ್ಫ್ ಏಬೆಲ್’ ಕೂಡ ಸಿಕ್ಕಿಬಿದ್ದ. ಲಂಡನ್‌ನಲ್ಲಿ ಕೆನಡಾದವನೆಂದು ಹೇಳಿಕೊಂಡು ಜೂಕ್‌ಬಾಕ್ಸ್ ವ್ಯಾಪಾರ ಮಾಡುತ್ತಿದ್ದ ಗಾರ್ಡನ್ ಲಾನ್ಸ್‌ಡೇಲ್, ನಿಜದಲ್ಲಿ ಕೊನೊನ್ ಮೊಲೊದಿ, 1961ರಲ್ಲಿ ಸಿಕ್ಕಿದ್ದಕ್ಕೂ ಪೋಲೆಂಡಿನ ಗುಪ್ತಚರ ಅಧಿಕಾರಿ ಗೊಲೆನಿಯೆವ್‌ಸ್ಕಿ ಕೊಟ್ಟ ಸುಳಿವೇ ಮೂಲ. ವೇಷ ಎಷ್ಟೇ ಗಟ್ಟಿಯಾಗಿರಲಿ, ಮನೆಯೊಳಗಿನವನು ಬಾಯಿ ಬಿಟ್ಟರೆ ಮುಗಿಯಿತು.

ಲಾನ್ಸ್‌ಡೇಲ್ ಮಾತ್ರ ಕೆಲಸಕ್ಕೆ ಬಂದವನು ಎಂದು ಒಪ್ಪುತ್ತೇನೆ. ಅವನು ತಾನೇ ರಹಸ್ಯ ಕದಿಯಲು ಹೋಗಲಿಲ್ಲ. ಇಂಗ್ಲೆಂಡಿನ ಪೋರ್ಟ್‌ಲ್ಯಾಂಡ್‌ನ ನೌಕಾಪಡೆ ಸಂಶೋಧನಾ ಕೇಂದ್ರದಲ್ಲಿದ್ದ ಇಬ್ಬರು ನೌಕರರಿಂದ ಕಾಗದಗಳನ್ನು ಪಡೆದು ದಾಟಿಸುತ್ತಿದ್ದ. ಇಲ್ಲೀಗಲ್ ಬೆಲೆಬಾಳುವುದು ಅಂಚೆಯವನಾದಾಗ. ರಹಸ್ಯ ಇರುವುದು ಆ ಕಚೇರಿಯಲ್ಲಿ ಸಂಬಳ ಪಡೆಯುವವನ ಕೈಯಲ್ಲಿ.

ಅದಕ್ಕೇ ನಿಜವಾದ ಅನಾಹುತ ಮಾಡಿದವರ ಪಟ್ಟಿಯಲ್ಲಿ ವೇಷಧಾರಿಗಳಿಲ್ಲ. ಸಿಐಎಯ ಆಲ್ಡ್ರಿಚ್ ಏಮ್ಸ್ 1985ರ ಏಪ್ರಿಲ್‌ನಲ್ಲಿ ವಾಷಿಂಗ್ಟನ್‌ನ ಸೋವಿಯತ್ ರಾಯಭಾರ ಕಚೇರಿಗೆ ತಾನಾಗಿಯೇ ನಡೆದುಹೋಗಿ ಐವತ್ತು ಸಾವಿರ ಡಾಲರ್‌ಗೆ ವ್ಯಾಪಾರ ಕುದುರಿಸಿದ. ಸಾಲ ಇತ್ತು, ಹಣ ಬೇಕಿತ್ತು. ಸಿದ್ಧಾಂತ ಗಿದ್ಧಾಂತ ಏನೂ ಇಲ್ಲ. ಅಮೆರಿಕಕ್ಕಾಗಿ ಕೆಲಸ ಮಾಡುತ್ತಿದ್ದ ಸೋವಿಯತ್ ಅಧಿಕಾರಿಗಳ ಹೆಸರುಗಳನ್ನು ಅವನು ಮಾರಿದ. ಅವರಲ್ಲಿ ಹಲವರು ಗುಂಡಿಗೆ ಬಲಿಯಾದರು. ಸರ್ಕಾರಿ ಸಂಬಳದವನು ಮನೆಯನ್ನು ನಗದು ಕೊಟ್ಟು ಕೊಂಡು, ಜಾಗ್ವಾರ್ ಕಾರಿನಲ್ಲಿ ಕಚೇರಿಗೆ ಬರುತ್ತಿದ್ದರೂ 1994ರವರೆಗೆ ಸಿಕ್ಕಿಬೀಳಲಿಲ್ಲ. ಎಫ್‌ಬಿಐನ ರಾಬರ್ಟ್ ಹ್ಯಾನ್‌ಸೆನ್ ಇದೇ ವ್ಯಾಪಾರವನ್ನು 2001ರ ಫೆಬ್ರವರಿಯವರೆಗೆ ನಡೆಸಿದ. ಅವನನ್ನು ಪತ್ತೆ ಹಚ್ಚಿದ್ದಾದರೂ ಹೇಗೆ? ರಷ್ಯಾದವನೊಬ್ಬನಿಗೆ ಎಫ್‌ಬಿಐ ಎಪ್ಪತ್ತು ಲಕ್ಷ ಡಾಲರ್ ಕೊಟ್ಟು ಅವನ ಕಡತವನ್ನು ಕೊಂಡುಕೊಂಡಿತು. ಇಲ್ಲಿಯೂ ಅದೇ.

2010ರ ಕಥೆಗೆ ಒಂದು ಬಾಲವಿದೆ. ಜುಲೈ 9ರಂದು ವಿಯೆನ್ನಾದ ವಿಮಾನ ನಿಲ್ದಾಣದಲ್ಲಿ ಆ ಹತ್ತು ಮಂದಿಗೆ ಬದಲಾಗಿ ರಷ್ಯಾ ನಾಲ್ವರನ್ನು ಬಿಟ್ಟಿತು. ಅವರಲ್ಲೊಬ್ಬ ಬ್ರಿಟನ್ನಿಗೆ ಮಾಹಿತಿ ಕೊಟ್ಟಿದ್ದ ಜಿಆರ್‌ಯುನ ಮಾಜಿ ಅಧಿಕಾರಿ ಸೆರ್ಗೇ ಸ್ಕ್ರಿಪಾಲ್. 2018ರ ಮಾರ್ಚ್ 4ರಂದು ಇಂಗ್ಲೆಂಡಿನ ಸಾಲ್ಸ್‌ಬರಿಯಲ್ಲಿ ಅವನ ಮೇಲೂ ಮಗಳ ಮೇಲೂ ನೋವಿಚೋಕ್ ಎಂಬ ವಿಷಪ್ರಯೋಗವಾಯಿತು. ಅವರಿಬ್ಬರೂ ಉಳಿದರು, ಇದಕ್ಕೆ ಸಂಬಂಧವೇ ಇಲ್ಲದ ಡಾನ್ ಸ್ಟರ್ಜೆಸ್ ಎಂಬ ಮಹಿಳೆ ಅದೇ ವಿಷ ತಗುಲಿ ಜುಲೈನಲ್ಲಿ ಸತ್ತಳು. ವಿಷವಿಟ್ಟ ಆರೋಪ ಹೊತ್ತ ‘ಪೆಟ್ರೋವ್’ ಮತ್ತು ‘ಬೊಶಿರೋವ್’ ಅವರ ಪಾಸ್‌ಪೋರ್ಟ್ ವಿವರಗಳನ್ನು ಬೆಲ್ಲಿಂಗ್‌ಕ್ಯಾಟ್ ಎಂಬ ತನಿಖಾ ಪತ್ರಕರ್ತರ ತಂಡ 2018ರ ಸೆಪ್ಟೆಂಬರ್‌ನಲ್ಲಿ ಹೊರಹಾಕಿತು. ಜಿಆರ್‌ಯು ತನ್ನವರಿಗೆ ಒಂದರ ಹಿಂದೊಂದು ಸಂಖ್ಯೆಯ ಪಾಸ್‌ಪೋರ್ಟ್‌ಗಳನ್ನು ಕೊಟ್ಟಿತ್ತು. ಗುಮಾಸ್ತನ ಸೋಮಾರಿತನ!

ಆ ವರದಿ ಬಂದ ಮರುದಿನವೇ ಇಟಲಿಯ ನೇಪಲ್ಸ್‌ನಿಂದ ಮರಿಯಾ ಅದೇಲಾ ಎಂಬಾಕೆ ಮಾಸ್ಕೋಗೆ ಹಾರಿಬಿಟ್ಟಳು. ಪೆರುವಿನಲ್ಲಿ ಹುಟ್ಟಿದವಳೆಂದು ಹೇಳಿಕೊಂಡು ಆಭರಣ ವ್ಯಾಪಾರ ಮಾಡುತ್ತ, ಲಯನ್ಸ್ ಕ್ಲಬ್‌ನ ಕಾರ್ಯದರ್ಶಿಯಾಗಿ ನ್ಯಾಟೊ ನೆಲೆಯ ಅಧಿಕಾರಿಗಳ ಗೆಳೆತನ ಸಂಪಾದಿಸಿದ್ದವಳು. ಅವಳ ಪಾಸ್‌ಪೋರ್ಟ್ ಕೂಡ ಅದೇ ಸರಣಿಯದು. ಅದಕ್ಕೂ ಮೊದಲು, 2005ರಲ್ಲಿ, ಪೆರುವಿನ ಪೌರತ್ವಕ್ಕೆ ಹಾಕಿದ ಅರ್ಜಿ ತಿರಸ್ಕೃತವಾಗಿತ್ತು: 1978ರಲ್ಲಿ ದೀಕ್ಷಾಸ್ನಾನವಾಯಿತೆಂದು ತೋರಿಸಿದ ಚರ್ಚು ಸ್ಥಾಪನೆಯಾದದ್ದೇ 1987ರಲ್ಲಿ. ಆಕೆಯ ನಿಜವಾದ ಹೆಸರು ಓಲ್ಗಾ ಕೊಲೊಬೊವಾ ಎಂದು 2022ರಲ್ಲಿ ಬೆಲ್ಲಿಂಗ್‌ಕ್ಯಾಟ್ ತಿಳಿಸಿತು.

ಈ ಇಡೀ ವ್ಯವಹಾರದಲ್ಲಿ ನನಗೆ ಸಹಿಸಲಾಗದ್ದು ಮಕ್ಕಳ ಪಾಡು. ಹೀತ್‌ಫೀಲ್ಡ್ ಮನೆಗೆ ಪೊಲೀಸರು ನುಗ್ಗಿದ್ದು ಹಿರಿಯ ಮಗನ ಇಪ್ಪತ್ತನೆಯ ಹುಟ್ಟುಹಬ್ಬದ ದಿನ. ಟೊರೊಂಟೊದಲ್ಲಿ ಹುಟ್ಟಿದ ಕಿರಿಯ ಮಗ ಅಲೆಕ್ಸಾಂಡರ್ ತನ್ನ ಕೆನಡಾ ಪೌರತ್ವಕ್ಕಾಗಿ ವರ್ಷಗಳ ಕಾಲ ಕೋರ್ಟು ಅಲೆದು, 2019ರ ಡಿಸೆಂಬರ್‌ನಲ್ಲಿ ಅಲ್ಲಿನ ಸುಪ್ರೀಂ ಕೋರ್ಟಿನಲ್ಲಿ ಗೆದ್ದ. ಸ್ಲೊವೇನಿಯಾದ ಲ್ಯೂಬ್ಲಿಯಾನಾದಲ್ಲಿ ಅರ್ಜೆಂಟೀನಾದವರೆಂದು ಬಾಳುತ್ತಿದ್ದ ದುಲ್ತ್ಸೆವ್ ದಂಪತಿ 2022ರ ಡಿಸೆಂಬರ್‌ನಲ್ಲಿ ಸಿಕ್ಕಿಬಿದ್ದರು. 2024ರ ಆಗಸ್ಟ್ 1ರ ಕೈದಿಗಳ ವಿನಿಮಯದಲ್ಲಿ ಮಾಸ್ಕೋಗೆ ಮರಳುವಾಗ, ತಾವು ರಷ್ಯನ್ನರು ಎಂಬುದು ಅವರ ಇಬ್ಬರು ಮಕ್ಕಳಿಗೆ ವಿಮಾನದಲ್ಲಿ ತಿಳಿಯಿತು. ಅವರಿಗೆ ರಷ್ಯನ್ ಬಾರದ್ದರಿಂದ ಪುಟಿನ್ ಸ್ಪ್ಯಾನಿಷ್‌ನಲ್ಲಿ ಶುಭ ಸಂಜೆ ಹೇಳಿ ಬರಮಾಡಿಕೊಂಡರು. ಇದನ್ನು ಹೇಳಿದ್ದು ಪುಟಿನ್ ಅವರ ವಕ್ತಾರ ಪೆಸ್ಕೋವ್. ಅದೂ ತ್ಯಾಗದ ಉದಾಹರಣೆಯೆಂಬಂತೆ. ತ್ಯಾಗ ಯಾರದ್ದು ಎಂದು ಯಾರೂ ಕೇಳಲಿಲ್ಲ.

ಈಗಿನ ಸ್ಥಿತಿ ಬೇರೆಯೇ. ಉಕ್ರೇನ್ ಯುದ್ಧ ಶುರುವಾದ 2022ರಲ್ಲಿ ಯುರೋಪಿನ ದೇಶಗಳು ರಷ್ಯಾದ ಆರುನೂರಕ್ಕೂ ಹೆಚ್ಚು ಅಧಿಕಾರಿಗಳನ್ನು ಹೊರಹಾಕಿದವು, ಅವರಲ್ಲಿ ನಾನೂರಕ್ಕೂ ಹೆಚ್ಚು ಮಂದಿ ಬೇಹುಗಾರರು ಎಂದು ಬ್ರಿಟನ್ನಿನ ಗುಪ್ತಚರ ಸಂಸ್ಥೆ ಎಂಐ5ರ ಮುಖ್ಯಸ್ಥರು ಹೇಳಿದರು. ಆ ಖಾಲಿ ಜಾಗಕ್ಕೆ ಬಂದವರು ದಿನಗೂಲಿಗಳು. 2024ರ ಮಾರ್ಚ್‌ನಲ್ಲಿ ಪೂರ್ವ ಲಂಡನ್‌ನ ಲೇಟನ್‌ನಲ್ಲಿ ಉಕ್ರೇನ್‌ಗೆ ಹೋಗುವ ಸಾಮಗ್ರಿಯಿದ್ದ ಗೋದಾಮಿಗೆ ಬೆಂಕಿ ಬಿತ್ತು; ಅದನ್ನು ಏರ್ಪಡಿಸಿದ್ದು ರಷ್ಯಾದ ಬಾಡಿಗೆ ಸೈನಿಕರ ವಾಗ್ನರ್ ಗುಂಪಿನವರ ಜೊತೆ ಟೆಲಿಗ್ರಾಮ್‌ನಲ್ಲಿ ಮಾತಾಡಿಕೊಂಡ ಒಬ್ಬ ಬ್ರಿಟಿಷ್ ಯುವಕ. ಅವನಿಗೆ 17 ವರ್ಷ ಜೈಲಾಯಿತು. ಇಂಗ್ಲೆಂಡಿನ ಗ್ರೇಟ್ ಯಾರ್ಮತ್‌ನ ಹಳೆಯ ಅತಿಥಿಗೃಹದಿಂದ ರಷ್ಯಾಕ್ಕಾಗಿ ಕೆಲಸ ಮಾಡುತ್ತಿದ್ದ ಬಲ್ಗೇರಿಯನ್ನರ ತಂಡಕ್ಕೆ ಆಜ್ಞೆ ಕೊಡುತ್ತಿದ್ದವನು ಜರ್ಮನಿಯ ಹಣ ಪಾವತಿ ಕಂಪನಿ ವೈರ್‌ಕಾರ್ಡ್‌ನ ಹಗರಣದ ಬಳಿಕ ಪರಾರಿಯಾದ ಯಾನ್ ಮಾರ್ಸಾಲೆಕ್. ಅವರು ಬೆನ್ನುಹತ್ತಿದವರಲ್ಲಿ ಮರಿಯಾ ಅದೇಲಾಳ ಗುಟ್ಟು ಹೊರಗೆಳೆದ ಕ್ರಿಸ್ಟೊ ಗ್ರೊಜೆವ್ ಕೂಡ ಒಬ್ಬರು. 2025ರ ಮೇ ತಿಂಗಳಲ್ಲಿ ಆ ತಂಡಕ್ಕೆ ಶಿಕ್ಷೆಯಾಯಿತು.

ಹಾಗಾದರೆ ಇಲ್ಲೀಗಲ್‌ಗಳ ಕಾಲ ಮುಗಿಯಿತೇ ಎಂದರೆ, ಇಲ್ಲ. ರಾಯಭಾರ ಕಚೇರಿಗಳು ಬರಿದಾದಷ್ಟೂ ಅಂಚೆಯವರು ಬೇಕೇ ಬೇಕು. 2022ರಲ್ಲಿ ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯದಲ್ಲಿ ತರಬೇತಿಗೆ ಹೊರಟಿದ್ದ ಬ್ರೆಜಿಲ್‌ನ ‘ವಿಕ್ಟರ್ ಫೆರೇರಾ’ನನ್ನು ಡಚ್ಚರು ವಾಪಸ್ ಕಳುಹಿಸಿದರು. ಅವನು ಜಿಆರ್‌ಯುನ ಸೆರ್ಗೇ ಚೆರ್ಕಾಸೋವ್. ಬ್ರೆಜಿಲ್‌ನಲ್ಲಿ ನಕಲಿ ದಾಖಲೆಗಾಗಿ ಅವನಿಗೆ ಜೈಲಾಯಿತು. ಅವನ ಜಾಡು ಹಿಡಿದ ಅಲ್ಲಿನ ಪೊಲೀಸರು, ಅಸಲಿ ಜನನ ಪ್ರಮಾಣಪತ್ರ ಇದ್ದೂ ದೇಶದಲ್ಲಿ ಬೆಳೆದ ಕುರುಹೇ ಇಲ್ಲದವರನ್ನು ದಾಖಲೆಗಳಲ್ಲಿ ಹುಡುಕತೊಡಗಿದರು. ಇನ್ನೂ ಹಲವರು ಸಿಕ್ಕಿದರು.